ಈಟಿಯ ಇನ್ನೊಂದು ತುದಿ

ನಮ್ಮ ಕೋಲಾರ, ಮಾಲೂರು, ಮುಳಬಾಗಿಲು, ಶ್ರೀನಿವಾಸಪುರದ ಕಡೆ ಕೆರೆ ಏರಿಯ ಮೇಲೋ ಹೊಲದ ಬದುವಿನಲ್ಲೋ ವೀರಗಲ್ಲು ನಿಂತಿರುವುದನ್ನು ನೀವೂ ನೋಡಿರುತ್ತೀರಿ. ಕೆಳಗಿನ ಸಾಲಿನಲ್ಲಿ ಕಾಳಗ. ಅದರ ಮೇಲೆ ಸತ್ತವನನ್ನು ಅಪ್ಸರೆಯರು ಕರೆದೊಯ್ಯುವುದು. ಎಲ್ಲಕ್ಕೂ ಮೇಲೆ, ಲಿಂಗದ ಪಕ್ಕದಲ್ಲಿ ಅವನು ಹಾಯಾಗಿ ಕೂತಿರುವುದು. ಕೆಲವು ಕಡೆ ಅರಿಶಿನ ಕುಂಕುಮ ಹಚ್ಚಿ ದೇವರು ಮಾಡಿಕೊಂಡಿದ್ದಾರೆ, ಕೆಲವು ಕಡೆ ಬಟ್ಟೆ ಒಗೆಯುವ ಕಲ್ಲು ಮಾಡಿಕೊಂಡಿದ್ದಾರೆ. ನನ್ನ ಕಣ್ಣು ಮಾತ್ರ ಕೆಳಗಿನ ಸಾಲು ಬಿಟ್ಟು ಮೇಲೆ ಹೋಗುವುದಿಲ್ಲ. ಕತ್ತಿ, ಬಿಲ್ಲು, ಉದ್ದನೆಯ ಈಟಿ. ಕಲ್ಲು ನಿಂತದ್ದು ಒಬ್ಬನಿಗೆ. ಅವನ ಈಟಿಯ ಇನ್ನೊಂದು ತುದಿಯಲ್ಲಿ ಬಿದ್ದವನು ಯಾರ ಮಗ?

ಬಿ.ಎಲ್. ರೈಸ್ 1905ರಲ್ಲಿ ಪ್ರಕಟಿಸಿದ ಎಪಿಗ್ರಾಫಿಯಾ ಕರ್ನಾಟಿಕಾದ 10ನೇ ಸಂಪುಟ ಪೂರ್ತಿ ನಮ್ಮ ಜಿಲ್ಲೆಯದೇ. ಅದರಲ್ಲಿ ತುರುಗೋಳಿನ ಕಲ್ಲುಗಳು ಎಷ್ಟೊಂದು! ತುರು ಎಂದರೆ ದನ. ಪಕ್ಕದ ಊರಿನವರು ಬಂದು ದನ ಹೊಡೆದುಕೊಂಡು ಹೋಗುವುದು, ಈ ಊರಿನವನೊಬ್ಬ ಅಟ್ಟಿಸಿಕೊಂಡು ಹೋಗಿ ದನ ಬಿಡಿಸಿ ಪ್ರಾಣ ಬಿಡುವುದು. ಆಗ ಅವನ ಮನೆಯವರಿಗೆ ಒಂದಿಷ್ಟು ಭೂಮಿ ಕೊಡುತ್ತಿದ್ದರು. ಅದಕ್ಕೆ ಹೆಸರು ನೆತ್ತರುಗೊಡಗೆ. ನೆತ್ತರಿಗೆ ಕೊಟ್ಟದ್ದು. ಆ ಹೊಲದಲ್ಲಿ ರಾಗಿ ಬಿತ್ತಿ, ಮುದ್ದೆ ಮಾಡಿ ಮಕ್ಕಳಿಗೆ ಬಡಿಸಿದ ಹೆಂಗಸಿಗೆ ಏನನ್ನಿಸಿರಬಹುದು ಎನ್ನುವುದನ್ನು ಯಾರೂ ಕಲ್ಲಿನ ಮೇಲೆ ಕೊರೆಯಲಿಲ್ಲ. ಹೆಂಗಸಿಗೆ ಕಲ್ಲು ಸಿಗಬೇಕಾದರೆ ಸಾಮಾನ್ಯವಾಗಿ ಅವಳೂ ಸಾಯಬೇಕಿತ್ತು. ಬಳೆ ತೊಟ್ಟ ಕೈ ಎತ್ತಿದ ಮಾಸ್ತಿಕಲ್ಲು ಅದೇ ತಾನೇ?

ನಮ್ಮ ಗಡಿಯ ಆಚೆ, ಹಳೆಯ ತಮಿಳು ಕಾವ್ಯಶಾಸ್ತ್ರದಲ್ಲಿ ಒಂದು ವಿಚಿತ್ರವಿದೆ. ದನ ಹೊಡೆದು ತರಲು ಹೋಗುವವನು ವೆಚ್ಚಿ ಹೂವು ಮುಡಿಯಬೇಕು, ಬಿಡಿಸಿಕೊಂಡು ಬರಲು ಹೋಗುವವನು ಕರಂದೈ ಹೂವು ಮುಡಿಯಬೇಕು. ಹೊಗಳಿಕೆ ಇಬ್ಬರಿಗೂ ಉಂಟು. ಮೊದಲು ಓದಿದಾಗ ಕಳ್ಳನಿಗೂ ಹೂವೇ ಎಂದು ನಗು ಬಂದಿತ್ತು. ಈಗ ನಗು ಬರುವುದಿಲ್ಲ. ಕದ್ದವನ ಊರಿನಲ್ಲಿ ಅವನೇ ವೀರ.

ದೊಡ್ಡವರ ಕಥೆಯೂ ಬೇರೆಯಲ್ಲ. ಕೋಲಾರ ಗಂಗರ ಕುವಲಾಲ. ಮುಳಬಾಗಿಲಿನ ಆವಣಿಯಲ್ಲಿ ನೊಳಂಬರ ಗುಡಿಗಳಿವೆ. ಸುಮಾರು ಕ್ರಿ.ಶ. 900ರ ಬೇಗೂರಿನ ವೀರಗಲ್ಲು ಈಗ ಬೆಂಗಳೂರಿನ ವಸ್ತುಸಂಗ್ರಹಾಲಯದಲ್ಲಿದೆ. ಗಂಗರ ಎರೆಯಪ್ಪನ ಕಡೆಯ ನಾಗತ್ತರ ನೊಳಂಬರ ವೀರಮಹೇಂದ್ರನ ಸೈನ್ಯದ ಮೇಲೆ ಕಾದಾಡಿ ಸತ್ತದ್ದು ಅದರಲ್ಲಿದೆ. ಇವತ್ತು ಕೋಲಾರದಲ್ಲಿ ಬಸ್ಸು ಹತ್ತಿದರೆ ಹೆಚ್ಚು ಹೊತ್ತಾಗದೆ ಮುಳಬಾಗಿಲಿನಲ್ಲಿ ಇಳಿಯುತ್ತೇವೆ. ಇಬ್ಬರೂ ನಮ್ಮವರೇ! ನೊಳಂಬರಲ್ಲಿ ಒಬ್ಬ ಇರಿವ ನೊಳಂಬ, ಇರಿಯುವುದೇ ಬಿರುದು. ಈಗ ಅದೇ ಮಾತು ಪತ್ರಿಕೆಯ ಅಪರಾಧದ ಪುಟದಲ್ಲಿ ಬರುತ್ತದೆ. ಮನೆಗೆ ಬಂದವರಿಗೆ ನಾವು “ಇರಿ, ಕಾಫಿ ಕುಡಿದು ಹೋಗಿ” ಎನ್ನುವ ‘ಇರಿ’ ಬೇರೆ ಧಾತು. ಕೇಳುವುದಕ್ಕೆ ಮಾತ್ರ ಒಂದೇ.

ಯುರೋಪಿನಲ್ಲೂ ಇಂಥದೊಂದು ಮಾತಿನ ಆಟವಿದೆ. ಈಗಿನ ಬೆಲ್ಜಿಯಂನ ಫ್ಲಾಂಡರ್ಸ್‌ನ ನೇಕಾರರು, ಕಸುಬಿನವರು 1302ರ ಜುಲೈ 11ರಂದು ಫ್ರಾನ್ಸಿನ ಕುದುರೆ ಸರದಾರರನ್ನು ಸೋಲಿಸಿದರು. ಅವರ ಕೈಯಲ್ಲಿದ್ದದ್ದು ಉದ್ದ ಭರ್ಜಿ, ಮತ್ತೆ ತುದಿಗೆ ಕಬ್ಬಿಣದ ಮೊಳೆಯಂಥ ಮೊನೆಯಿದ್ದ ದಪ್ಪ ದೊಣ್ಣೆ. ಆ ದೊಣ್ಣೆಯ ಹೆಸರು ಗೂಡೆಂಡಾಗ್, ‘ಶುಭದಿನ’ ಎಂದು ಅರ್ಥ ಹೇಳುತ್ತಾರೆ. ಕತ್ತಿಗೆ ಬೇಕಾದಷ್ಟು ಕಬ್ಬಿಣ ಈಟಿಗೆ ಬೇಡ. ಅದಕ್ಕೇ ಅದು ಬಡವನ ಕೈಗೂ ಎಟುಕಿತು. ಆ ನೇಕಾರರ ವಿಷಯ ಪಾಠ ಮಾಡುವಾಗ ನನಗೆ ಸಂತೋಷವೇ ಆಗುತ್ತದೆ, ಸುಳ್ಳು ಹೇಳುವುದಿಲ್ಲ. ಆದರೆ ಅಲ್ಲಿನ ಇನ್ನೊಂದು ಆಯುಧ ನನ್ನನ್ನು ಹೆಚ್ಚು ಕಾಡಿದೆ: ಕಾಡುಹಂದಿ ಬೇಟೆಯ ಈಟಿ. ಅದರ ಅಲಗಿನ ಕೆಳಗೆ ಎರಡು ಪಕ್ಕಕ್ಕೂ ರೆಕ್ಕೆಯಂತೆ ಅಡ್ಡಪಟ್ಟಿ ಇರುತ್ತದೆ. ಚುಚ್ಚಿಸಿಕೊಂಡ ಹಂದಿ ಸಿಟ್ಟಿನಲ್ಲಿ ಕೋಲಿನುದ್ದಕ್ಕೂ ನುಗ್ಗಿ ಬೇಟೆಗಾರನನ್ನೇ ಸೀಳದಿರಲಿ ಎಂದು ಆ ತಡೆ. ಚುಚ್ಚಿದವನಿಗೆ ಚೆನ್ನಾಗಿ ಗೊತ್ತಿತ್ತು, ಚುಚ್ಚಿಸಿಕೊಂಡದ್ದು ಅದೇ ಕೋಲಿನ ದಾರಿ ಹಿಡಿದು ವಾಪಸು ಬರುತ್ತದೆ ಎಂದು.

ಶ್ರೀನಿವಾಸಪುರದ ಕಡೆ, ನಮ್ಮವರ ಊರಿನಲ್ಲಿ, ಮಾವಿನ ತೋಟದ ಎಲ್ಲೆಗಾಗಿ ಎರಡು ಮನೆಯ ದಾಯಾದಿಗಳು ಹೊಡೆದಾಡಿದರು. ಕಾಯಿ ಕೀಳುವ ದೋಟಿಯೇ ಆಯುಧವಾಯಿತು. ಯಾರೂ ಸಾಯಲಿಲ್ಲ. ಆದರೆ ಅದರ ತುದಿಯ ಕುಡುಗೋಲು ತಗುಲಿ ಒಬ್ಬ ಹುಡುಗನ ಬಲಗೈ ಸ್ವಾಧೀನ ತಪ್ಪಿತು. ಇಪ್ಪತ್ತು ವರ್ಷವಾಯಿತು, ಎರಡು ಮನೆಗೂ ಮಾತಿಲ್ಲ. ಆ ಮನೆಯಲ್ಲಿ ಕೇಳಿದರೆ ಅವರು ಕಾಯ್ದುಕೊಂಡದ್ದು, ಈ ಮನೆಯಲ್ಲಿ ಕೇಳಿದರೆ ಇವರು ಕಾಯ್ದುಕೊಂಡದ್ದು. ಇಬ್ಬರ ಮುಡಿಯಲ್ಲೂ ಕರಂದೈ ಹೂವೇ. ವೆಚ್ಚಿ ಮುಡಿದವರು ಯಾರೂ ಇಲ್ಲ!

ಕಾಯುವುದು ತಪ್ಪು ಎಂದು ನಾನು ಹೇಳಲಾರೆ. ದನ ಹೊಡೆದುಕೊಂಡು ಹೋಗುವಾಗ ಮಕ್ಕಳ ಹಾಲು ಹೋಗುತ್ತಿದೆ ಎಂದು ಅತ್ತವಳೂ ಹೆಂಗಸೇ, ಓಡಿ ಎಂದು ಗಂಡಸರನ್ನು ಕಳುಹಿಸಿದವಳೂ ಅವಳೇ ಇರಬಹುದು. ಆದರೆ ಕಾಯಲು ಹೋದವನು ಎಲ್ಲಿ ನಿಲ್ಲಬೇಕು? ದನ ಸಿಕ್ಕಿದ ಮೇಲೂ, ಎಲ್ಲೆ ಕಲ್ಲು ನೆಟ್ಟ ಮೇಲೂ ಕೈ ನಿಲ್ಲದಿದ್ದರೆ ಅದಕ್ಕೆ ಕಾಯುವುದು ಎನ್ನುವ ಹೆಸರು ಸಲ್ಲುತ್ತದೆಯೇ? ನನಗೆ ಸಲ್ಲದು ಅನ್ನಿಸುತ್ತದೆ. ಹಂದಿಯ ಈಟಿಗೆ ಇದ್ದ ಆ ಅಡ್ಡಪಟ್ಟಿ ನಮ್ಮ ದೋಟಿಗೆ ಇರಲಿಲ್ಲ, ಇವತ್ತಿಗೂ ನಮ್ಮ ನಾಲಗೆಗೆ ಇಲ್ಲ.

ಹೋದ ಬೇಸಿಗೆಯಲ್ಲಿ ಆ ಹುಡುಗನ ತಾಯಿ ನಮ್ಮ ಮನೆಗೆ ಬಂದಿದ್ದಳು. ದಾಯಾದಿಗಳ ಮನೆಯ ಹುಡುಗಿಗೆ ಮದುವೆ ಗೊತ್ತಾಗಿ, ಅವರೇ ಮನೆ ಬಾಗಿಲಿಗೆ ಬಂದು ಕುಂಕುಮ ಕೊಟ್ಟು ಕರೆದಿದ್ದರಂತೆ. “ಹೋಗಲೇನತ್ತಿಗೆ? ನೀವು ಓದಿದೋರು, ಹೇಳಿ” ಎಂದಳು. ಹೋಗು ಎನ್ನುವುದು ನನಗೆ ಬಲು ಸುಲಭ, ಕೈ ಹೋದದ್ದು ನನ್ನ ಮಗನದಲ್ಲ. ಅದನ್ನೇ ಅವಳಿಗೆ ಹೇಳಿದೆ. ಮಗನನ್ನು ಕೇಳಿದೆಯಾ ಎಂದೆ.

“ಕೇಳ್ದೆ” ಎಂದಳು. “ನೀನು ಹೋಗಿ ಬಾ, ನನ್ನನ್ನ ಮಾತ್ರ ಕರೀಬೇಡ ಅಂದ.”

ಅವಳು ಹೋಗಿ ಬಂದಳು. ಮುಯ್ಯಿ ಕೊಟ್ಟಳು, ಊಟ ಮಾಡಲಿಲ್ಲ.