ಹೊತ್ತು ಮುಳುಗುವುದರೊಳಗೆ

ನಮ್ಮ ಹಂಸಭಾವಿಯ ಸೀಮೆಯಲ್ಲಿ ಹಿರಿಯರಿಂದ ಬಂದ ನಂಬಿಕೆಯೊಂದಿದೆ. ಬ್ಯಾಡಗಿ ತಾಲೂಕಿನ ಕದರಮಂಡಲಗಿಯ ಕಾಂತೇಶ, ನಮ್ಮ ಹಿರೇಕೆರೂರು ಭಾಗದ ಸಾತೇನಹಳ್ಳಿಯ ಶಾಂತೇಶ, ಶಿಕಾರಿಪುರದ ಭ್ರಾಂತೇಶ – ಈ ಮೂವರು ಹನುಮಂತರನ್ನು ಒಂದೇ ದಿನ, ಹೊತ್ತು ಹುಟ್ಟಿ ಮುಳುಗುವುದರೊಳಗೆ ಕಂಡುಬಂದವನಿಗೆ ದೊಡ್ಡ ಪುಣ್ಯವಂತೆ. 1956ರ ನವೆಂಬರ್ 1ರವರೆಗೆ ಶಿಕಾರಿಪುರ ಮೈಸೂರಿನದು, ಉಳಿದೆರಡು ಊರು ಮುಂಬಯಿ ಕಡೆಯವು. ಆಳುವವರು ಎಳೆದ ಗೆರೆ ಈ ಮೂವರನ್ನು ಬೇರೆ ಮಾಡಲಿಲ್ಲ.

ನಡೆಯುವವನಿಗಾಗಲಿ ಚಕ್ಕಡಿ ಹೂಡಿದವನಿಗಾಗಲಿ ಅಷ್ಟು ದಾರಿ ಒಂದು ಹಗಲಿಗೆ ಸುಲಭದ್ದಲ್ಲ. ಈಗ ಕಾರು, ಟೆಂಪೊಗಳಿವೆ. ಬೆಳಿಗ್ಗೆ ಹೊರಟವರು ಸಂಜೆಯೊಳಗೆ ಮನೆಯಲ್ಲಿರುತ್ತಾರೆ. ಹಾಗಾದರೆ ಪುಣ್ಯ ಅಗ್ಗವಾಯಿತೇ?

ಆಯಿತು ಎನ್ನುವ ಹಿರಿಯರಿದ್ದಾರೆ. ಕಾಲು ಬೊಬ್ಬೆ ಬರದ ಯಾತ್ರೆ ಯಾತ್ರೆಯೇ ಅಲ್ಲ ಎಂಬುದು ಅವರ ವಾದ. ಈ ಮಾತನ್ನು ನಾನು ಒಪ್ಪಲಾರೆ. ಪುಣ್ಯವೆಂಬುದು ದಣಿವಿಗೆ ಕೊಡುವ ಕೂಲಿಯಾದರೆ ಮೊದಲ ಪಾಲು ಚಕ್ಕಡಿ ಎಳೆದ ಎತ್ತಿಗೆ ಸಲ್ಲಬೇಕು. ಮಂಡಿನೋವಿನ ನನ್ನ ತಾಯಿಯಂಥವರಿಗೆ ದೇವರ ಬಾಗಿಲು ಮುಚ್ಚಿಯೇ ಹೋಗಬೇಕು.

ಕಂಡರಾಯಿತು, ಹೇಗೆ ಹೋದರೇನು ಎನ್ನುವವರೂ ಇದ್ದಾರೆ. ಅದೂ ಪೂರ್ತಿ ಸರಿಯೆನಿಸುವುದಿಲ್ಲ. ಕಾಣುವುದಷ್ಟೇ ಮುಖ್ಯವಾಗಿದ್ದರೆ ಹೊತ್ತಿನ ಕಟ್ಟಳೆ ಏಕೆ ಬೇಕಿತ್ತು? ಇಂದೊಬ್ಬನನ್ನು, ಮುಂದಿನ ಶನಿವಾರ ಇನ್ನೊಬ್ಬನನ್ನು ಕಂಡರೂ ಸಾಕಿತ್ತು.

ನನಗೆ ತೋಚುವುದಿಷ್ಟು. ಆ ಕಟ್ಟಳೆ ಕೇಳಿದ್ದು ಕಾಲನ್ನಲ್ಲ, ದಿನವನ್ನು. ಮೂರೂ ಕಡೆ ಮುಟ್ಟಬೇಕೆಂದವನಿಗೆ ಅಂದು ಸಂತೆಯಿಲ್ಲ, ಪೈರಿನ ಚಿಂತೆಯಿಲ್ಲ, ದಾಯಾದಿಯ ಜಗಳವಿಲ್ಲ. ಒಂದು ಹಗಲನ್ನು ಇಡಿಯಾಗಿ, ಮುರಿಯದೆ, ತಂದು ಒಪ್ಪಿಸಬೇಕು. ದಾರಿ ಉದ್ದವಾಗಿದ್ದಾಗ ದಿನ ತಾನಾಗಿಯೇ ಸಲ್ಲುತ್ತಿತ್ತು. ಈಗ ದಾರಿ ಮೊಟಕಾಗಿದೆ. ಉಳಿದ ಹೊತ್ತನ್ನು ಒಪ್ಪಿಸಬೇಕೋ ಬೇಡವೋ ಎಂಬುದು ನಮ್ಮ ಮನಸ್ಸಿಗೆ ಬಿಟ್ಟ ಮಾತು.

ತಾಯಿಯನ್ನು ಟೆಂಪೊದಲ್ಲಿ ಕರೆದೊಯ್ದಾಗ ಶಾಂತೇಶನ ಸರದಿ ಕೊನೆಗೆ ಬಂತು. ಕೈಮುಗಿದು ಹೊರಟವರು ವಾಹನದ ಹತ್ತಿರ ನಿಂತು ಅವಸರ ಮಾಡುತ್ತಿದ್ದರು. ಆಕೆ ಕಂಬಕ್ಕೊರಗಿ ಕುಳಿತವಳು ಏಳಲಿಲ್ಲ. "ಇನ್ನೂ ಹೊತ್ತು ಐತಲ್ಲ" ಎಂದಳು. ಅಂದು ನಮ್ಮ ಗುಂಪಿನಲ್ಲಿ ಕಟ್ಟಳೆಯನ್ನು ಪೂರ್ತಿ ಪಾಲಿಸಿದವಳು ನಡೆಯಲಾರದ ಆಕೆಯೊಬ್ಬಳೇ ಎಂದು ನನ್ನ ಎಣಿಕೆ.

ಶಿಕಾರಿಪುರದ ಭ್ರಾಂತೇಶನನ್ನು ಜನ ಹುಚ್ಚುರಾಯನೆಂದೂ ಕರೆಯುತ್ತಾರೆ. ಭ್ರಾಂತಿ, ಕಾಂತಿ, ಶಾಂತಿ – ಹೆಸರು ಮೂರೂ ಮನುಷ್ಯನ ಒಳಗಿನವೇ. ಒಂದರಿಂದ ಇನ್ನೊಂದಕ್ಕೆ ಹೋಗಲು ಯಾವ ವಾಹನವೂ ಇನ್ನೂ ಬಂದಿಲ್ಲ. ಡಾಂಬರು ರಸ್ತೆ ನಮ್ಮ ಕಾಲಿನ ಕಷ್ಟವನ್ನಷ್ಟೇ ಕಳೆದಿದೆ. ವ್ರತ ಅದರಿಂದ ಹಗುರಾಗಿಲ್ಲ. ಬಿಡುವಿದ್ದೂ ಅವಸರ ಬಿಡುವುದು ನಡೆಯುವುದಕ್ಕಿಂತ ಕಷ್ಟದ ಕೆಲಸ.