ಕಾಯುವ ಕಾವು

ಇಂಗ್ಲಿಷ್ ಪ್ರಬಂಧದಲ್ಲಿ 'ವಾರ್ಮ್‌ನೆಸ್' ಎಂದು ಬರೆದರೆ ಮೇಷ್ಟರು ಗೀಟು ಹಾಕುವುದುಂಟು; 'ವಾರ್ಮ್‌ತ್' ಇರುವಾಗ ಅದೇಕೆ ಎನ್ನುತ್ತಾರೆ. ನಿಘಂಟಿನಲ್ಲಿ ಎರಡೂ ಇವೆ. ಎರಡರಲ್ಲೂ ನನಗೆ ಬೆಚ್ಚಗಿರುವವರು ಕಾಣುತ್ತಾರೆ, ಬೆಂಕಿ ಹಾಕುವವರು ಕಾಣುವುದಿಲ್ಲ.

ನಮ್ಮ 'ಕಾವು' ಹಾಗಲ್ಲ. ಹುಣಸೂರು, ಪಿರಿಯಾಪಟ್ಟಣ, ಕೆ.ಆರ್. ನಗರ, ಎಚ್.ಡಿ. ಕೋಟೆಯ ಬ್ಯಾರನ್‌ಗಳಲ್ಲಿ ಹಸಿ ಹೊಗೆಸೊಪ್ಪನ್ನು ಕಡ್ಡಿಗೆ ಕಟ್ಟಿ ತೂಗುಹಾಕಿ, ಐದಾರು ದಿನ ಸೌದೆ ಉರಿಸುತ್ತಾರೆ. ಎಲೆ ಹಳದಿಯಾಗಲು ಮೊದಲು 35ರಿಂದ 40 ಡಿಗ್ರಿ. ನಡುದಂಟು ಒಣಗಲು ಕೊನೆಗೆ 70ರ ಸುಮಾರು. ಕಾವು ತಪ್ಪಿದರೆ ಬಣ್ಣ ಕೆಡುತ್ತದೆ, ಹರಾಜಿನಲ್ಲಿ ಬೆಲೆ ಬೀಳುತ್ತದೆ. ಹಾಗಾಗಿ ಒಬ್ಬರು ರಾತ್ರಿಯೆಲ್ಲ ಕಾಯಬೇಕು.

ನೀರು ಕಾಯುತ್ತದೆ, ತಾಯಿಯೂ ಕಾಯುತ್ತಾಳೆ. ವ್ಯಾಕರಣಕ್ಕೆ ಇವು ಎರಡು ಧಾತು; ಉರಿಯ ಮುಂದೆ ಕೂತವರಿಗೆ ಒಂದೇ ಕೆಲಸ.

ತೊಡಕು ಇಲ್ಲಿದೆ. ಆ ಕಾವು ಮಕ್ಕಳ ಶಾಲೆಯ ಫೀಸು ಕಟ್ಟುತ್ತದೆ. ಮರವನ್ನೂ ತಿನ್ನುತ್ತದೆ, ಎಲ್ಲೋ ಸೇದುವವನ ಎದೆಯನ್ನೂ ಸುಡುತ್ತದೆ. ತಂಬಾಕು ಕೆಟ್ಟದ್ದೆಂಬುದರಲ್ಲಿ ನನಗೆ ಅನುಮಾನವಿಲ್ಲ. ಆದರೆ ಬೇರೆ ಬೆಳೆಗೆ ನಂಬುವಂಥ ಮಾರುಕಟ್ಟೆ ಕೊಡದೆ ಬೆಳೆದವರನ್ನಷ್ಟೇ ದೂರುವುದು, ದೂರದಲ್ಲಿ ಬೆಚ್ಚಗೆ ಕೂತವರ ನೀತಿ. ಕಾಯುವ ಹೊಣೆ ನಮಗೂ ಇದೆ.