ನೋಡುವವರು, ನೋಟಕ್ಕೆ ಸಿಕ್ಕವರು

ಬೀಗದ ಕಿಂಡಿಗೆ ಕಣ್ಣಿಟ್ಟು ಒಬ್ಬ ಒಳಗೆ ನಡೆಯುವುದನ್ನು ಕದ್ದು ನೋಡುತ್ತಿದ್ದಾನೆ. ಮೈಮರೆತಿದ್ದಾನೆ. ಅಷ್ಟರಲ್ಲಿ ಬೆನ್ನ ಹಿಂದೆ ಹೆಜ್ಜೆ ಸಪ್ಪಳ; ನಾಚಿಕೆಯಿಂದ ಕುಗ್ಗಿಹೋಗುತ್ತಾನೆ. ಫ್ರಾನ್ಸಿನ ತತ್ತ್ವಜ್ಞಾನಿ ಝಾನ್ ಪಾಲ್ ಸಾರ್ತ್ರ್ 1943ರಲ್ಲಿ ಪ್ರಕಟಿಸಿದ ತನ್ನ ಮುಖ್ಯ ಗ್ರಂಥದಲ್ಲಿ ಕೊಡುವ ಉದಾಹರಣೆ ಇದು. ಅಲ್ಲಿಯವರೆಗೆ ಕದ್ದು ನೋಡುತ್ತಿದ್ದವನು ಬರೀ ನೋಡುವ ಕಣ್ಣು. ಈಗ ಇನ್ನೊಬ್ಬರ ಕಣ್ಣಿಗೆ ಬಿದ್ದ ವಸ್ತು. ತಾನು ಎಂಥವನೆಂದು ತೀರ್ಮಾನಿಸುವ ಅಧಿಕಾರ ಅವನೊಬ್ಬನದಾಗಿ ಉಳಿಯಲಿಲ್ಲ. ಇದನ್ನೇ ಸಾರ್ತ್ರ್ ‘ನೋಟ’ ಎಂದ. ಆದರೆ ಸಿಕ್ಕಿಬಿದ್ದವನೂ ತಿರುಗಿ ನೋಡಬಲ್ಲ ಎಂಬುದನ್ನು ಅವನು ಮರೆಯಲಿಲ್ಲ. ನನಗೆ ಮುಖ್ಯವಾಗಿ ಕಾಣುವುದು ಈ ತಿರುಗಿ ನೋಡುವ ಮಾತೇ.

ಶೇಂಗಾ ಎಣ್ಣೆ ಮಿಲ್ಲುಗಳಿಂದ ಹೆಸರಾದ ಚಳ್ಳಕೆರೆಯ ಅಂಚಿನ ಹೊಸ ಬಡಾವಣೆಗಳಲ್ಲಿ ಕಾಂಪೌಂಡು, ಗೇಟು, ಅದರ ಮೇಲೊಂದು ಸಿ.ಸಿ. ಕ್ಯಾಮೆರಾ ಇರುವ ಮನೆಗಳು ಕಾಣುತ್ತವೆ. ಎದುರು ಮನೆಗೆ ಯಾರ ಬೈಕು ಎಷ್ಟು ಹೊತ್ತಿಗೆ ಬಂತು ಎಂಬುದು ಪರದೆಯ ಹಿಂದಿನವರಿಗೆ ಗೊತ್ತು. ಆ ಮನೆಯವರ ಹೆಸರು ಗೊತ್ತಿಲ್ಲ. ಅವರು ತಿರುಗಿ ನೋಡಿದರೂ ಕಾಣುವುದು ಕ್ಯಾಮೆರಾ ಮಾತ್ರ, ನೋಡುವವರಲ್ಲ. ಇಂಗ್ಲೆಂಡಿನ ಚಿಂತಕ ಜೆರೆಮಿ ಬೆಂಥಮ್ 1791ರಲ್ಲಿ ಪ್ರಕಟಿಸಿದ ಸೆರೆಮನೆಯ ನಕ್ಷೆಯ ಜೀವಾಳವೂ ಇದೇ: ನಡುವಿನ ಗೋಪುರದಿಂದ ಸುತ್ತಲಿನ ಕೋಣೆಗಳೆಲ್ಲ ಕಾಣಬೇಕು, ಕಾವಲುಗಾರ ಮಾತ್ರ ಯಾರಿಗೂ ಕಾಣಬಾರದು. ಬಡಾವಣೆಯಲ್ಲಿ ಪ್ರತಿಯೊಬ್ಬರೂ ಕಾವಲುಗಾರರು, ಪ್ರತಿಯೊಬ್ಬರೂ ಕೈದಿಗಳು.

ಮೊಳಕಾಲ್ಮುರಿನ ನೇಕಾರರ ಓಣಿಯಲ್ಲೂ ಗುಟ್ಟು ನಿಲ್ಲುವುದು ಕಷ್ಟ. ಮಗ್ಗದ ಗುಂಡಿಯಲ್ಲಿ ಕಾಲು ಇಳಿಬಿಟ್ಟು ರೇಷ್ಮೆ ಸೀರೆ ನೇಯುವವರ ಲಾಳಿಯ ಸದ್ದು ಪಕ್ಕದ ಮನೆಗೆ ಕೇಳುತ್ತಲೇ ಇರುತ್ತದೆ. ಸದ್ದು ನಿಂತರೆ, “ಯಾಕಣ್ಣ, ಮೈಯಾಗೆ ಹುಷಾರಿಲ್ವ?” ಎಂದು ಬಾಗಿಲಿಗೇ ಬರುತ್ತಾರೆ. ಬಂದವರ ಮುಖವೂ ಕಾಣುತ್ತದೆ, ಅವರಿಗೆ ಉತ್ತರವನ್ನೂ ಕೊಡಬಹುದು. ಕೇಳಿದವರ ಮಗ್ಗ ನಾಳೆ ನಿಂತರೆ ಇವರೂ ಹೋಗಿ ಕೇಳುತ್ತಾರೆ.

ಹಾಗೆಂದು ಹಳೆಯದನ್ನೆಲ್ಲ ಹೊಗಳಲು ಮನಸ್ಸು ಒಪ್ಪುವುದಿಲ್ಲ. ಇದೇ ಸೀಮೆಯ ಎಷ್ಟೋ ಗೊಲ್ಲರಹಟ್ಟಿಗಳಲ್ಲಿ ಮುಟ್ಟಾದ ಹೆಣ್ಣನ್ನು, ಹಸುಗೂಸಿನೊಂದಿಗೆ ಬಾಣಂತಿಯನ್ನು ಹಟ್ಟಿಯಿಂದಾಚೆ ಇರಿಸುವ ರೂಢಿ ಉಂಟು. ಅವಳು ಒಂಟಿ, ಆದರೂ ಹಟ್ಟಿಯ ಕಣ್ಣೆಲ್ಲ ಅವಳ ಮೇಲೆ. ಅವಳು ಇಂದು ಯಾಕೆ ಹೊರಗಿದ್ದಾಳೆಂದು ಚಿಕ್ಕ ಮಕ್ಕಳಿಗೂ ಗೊತ್ತು. ಅಲ್ಲಿ ಎಲ್ಲರಿಗೂ ಎಲ್ಲರ ಪರಿಚಯವಿದೆ, ಗೋಡೆಯಿಲ್ಲ, ಕ್ಯಾಮೆರಾ ಇಲ್ಲ. ಅವಳು ತಿರುಗಿ ನೋಡಿ, “ನನ್ನನ್ನು ಯಾಕೆ ಹೊರಗಿಟ್ಟಿರಿ?” ಎಂದು ಕೇಳುವಂತಿಲ್ಲ, ಅಷ್ಟೆ. ಅಂಥ ಹೆಣ್ಣುಮಗಳಿಗೆ, ಹೆಸರೂ ಗೊತ್ತಿಲ್ಲದವರ ನಡುವೆ ಬಡಾವಣೆಯಲ್ಲಿ ಬಾಡಿಗೆಗೆ ಸಿಕ್ಕ ಒಂದು ಕೋಣೆ ದೊಡ್ಡ ಬಿಡುಗಡೆಯಾಗಿ ಕಂಡರೆ ಅದನ್ನು ತಪ್ಪೆನ್ನಲು ನನ್ನಿಂದಾಗದು.